ಸರ್ ಥಾಮಸ್ ಮನ್ರೋ: ಕನ್ನಡ ಜಿಲ್ಲೆಯ ಮೊದಲ ಕಲೆಕ್ಟರ್

ಕಾಸರಗೋಡು, ಬಳ್ಳಾರಿ ಸೀಮೆ, ಬೆಳಗಾವಿ, ಸೊಲ್ಲಾಪುರ: ನಮ್ಮ ಸದಸ್ಯರು ನೆಲೆಸಿರುವ ಈ ಎಲ್ಲ ಗಡಿ ಊರುಗಳ ಚರಿತ್ರೆಯಲ್ಲೂ ಸರ್ ಥಾಮಸ್ ಮನ್ರೋ ಎಂಬ ಹೆಸರು ಬರುತ್ತದೆ. ಸೈನಿಕನಾಗಿ ಬಂದು, ಸಂಧಾನದ ಕಾರ್ಯದರ್ಶಿಯೂ ಕಲೆಕ್ಟರನೂ ಆಗಿ, ಕೊನೆಗೆ ಮದರಾಸಿನ ಗವರ್ನರ್ ಆದ ಬ್ರಿಟಿಷ್ ಅಧಿಕಾರಿ ಈತ. ಕಾಸರಗೋಡಿಗೆ ಸಂಬಂಧಿಸಿದ ಸಂಗತಿಗಳಿಗೆ ಒತ್ತು ಕೊಟ್ಟು ಆತನ ಜೀವನ ವಿವರಗಳನ್ನು ಇಲ್ಲಿ ನೀಡುತ್ತಿದ್ದೇವೆ.

ಸೈನಿಕ

ಮನ್ರೋ ಹುಟ್ಟಿದ್ದು 1761ರ ಮೇ 27ರಂದು, ಸ್ಕಾಟ್ಲೆಂಡಿನ ಗ್ಲಾಸ್ಗೋದಲ್ಲಿ. 1780ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸೇನೆಯ ಕೆಡೆಟ್ ಆಗಿ ಮದರಾಸಿಗೆ ಬಂದ. ಅದೇ ವರ್ಷ ಹೈದರಾಲಿಯ ವಿರುದ್ಧದ ಯುದ್ಧ ಆರಂಭವಾಗಿ, ಹತ್ತೊಂಬತ್ತರ ಹರೆಯದಲ್ಲೇ ರಣರಂಗ ಕಂಡ. 1792ರಿಂದ ಬಾರಾಮಹಲ್ ಪ್ರದೇಶದಲ್ಲಿ ಅಲೆಕ್ಸಾಂಡರ್ ರೀಡ್‌ನ ಕೈಕೆಳಗೆ ಕಂದಾಯದ ಕೆಲಸ ಕಲಿತ. ರೈತನಿಂದಲೇ ನೇರವಾಗಿ ಕಂದಾಯ ಪಡೆಯುವ ರೈತವಾರಿ ಪದ್ಧತಿಯ ಬೀಜ ಅಲ್ಲಿತ್ತು.

1799ರ ಒಪ್ಪಂದ

1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಸುಲ್ತಾನ್ ಮಡಿದ. ಮೈಸೂರು ರಾಜ್ಯವನ್ನು ಹಂಚಲು ನೇಮಿಸಿದ ಆಯೋಗಕ್ಕೆ ಮನ್ರೋ ಮತ್ತು ಜಾನ್ ಮಾಲ್ಕಮ್ ಕಾರ್ಯದರ್ಶಿಗಳು. ಜೂನ್ ತಿಂಗಳ ಒಪ್ಪಂದದಲ್ಲಿ ಕರಾವಳಿಯ ಕೆನರಾ ಪ್ರಾಂತ್ಯ ಕಂಪನಿಯ ಪಾಲಾಯಿತು. ಕುಂಬಳೆ, ಬೇಕಲ, ಹೊಸದುರ್ಗ, ನೀಲೇಶ್ವರಗಳೂ ಕೆನರಾದೊಳಗೇ ಇದ್ದವು. ಇಲ್ಲಿನ ಜನರನ್ನು ಯಾರೂ ಕೇಳಲಿಲ್ಲ.

ಕೆನರಾದಲ್ಲಿ

ಮನ್ರೋ 1799ರ ಮಧ್ಯಭಾಗದಿಂದ 1800ರ ಕೊನೆಯ ತಿಂಗಳುಗಳವರೆಗೆ ಕೆನರಾದ ಮೊದಲ ಕಲೆಕ್ಟರ್ ಆಗಿದ್ದ. ಅದು ಸುಲಭದ ಕಾಲವಲ್ಲ. ಕಂದಾಯ ಇಳಿಸದ ಹೊರತು ಜಮಾಬಂದಿಗೆ ಬರುವುದಿಲ್ಲವೆಂದು ರೈತರು ಹಟ ಹಿಡಿದರು. ಬಂಡೆದ್ದ ವಿಟ್ಲದ ಹೆಗ್ಗಡೆಗೆ 1800ರಲ್ಲಿ ಮರಣದಂಡನೆಯಾಯಿತು. ಕುಂಬಳೆಯ ಅರಸರು ರಾಜ್ಯ ಕಳೆದುಕೊಂಡು ಪಿಂಚಣಿದಾರರಾದರು.

ಶಾನುಭೋಗರ ಹಳೆಯ ಲೆಕ್ಕದ ಕಡತಗಳಲ್ಲಿ ಬಹಳಷ್ಟು ನಾಶವಾಗಿದ್ದವು. ಉಳಿದವುಗಳ ಆಧಾರದಿಂದ ಮನ್ರೋ ವಿಜಯನಗರ, ಕೆಳದಿ, ಹೈದರ್ ಮತ್ತು ಟಿಪ್ಪು ಕಾಲದ ತೆರಿಗೆಯ ಚರಿತ್ರೆಯನ್ನು ಕಟ್ಟಿ ಮದರಾಸಿಗೆ ವರದಿ ಕಳಿಸಿದ. ಇಲ್ಲಿನ ಭೂಮಿ ಬಹುತೇಕ ಖಾಸಗಿ ಸ್ವತ್ತು, ಅದನ್ನು ಮಾರುವ, ಅಡವಿಡುವ, ಮಕ್ಕಳಿಗೆ ಬಿಡುವ ಹಕ್ಕು ಒಡೆಯರಿಗಿದೆ ಎಂಬುದು ಅದರ ಸಾರ. ಕಂದಾಯವನ್ನು ಸ್ವಲ್ಪ ಇಳಿಸಿದನಾದರೂ ಹೊರೆ ಹಗುರವಾಗಲಿಲ್ಲ; 1830-31ರಲ್ಲಿ ರೈತರು ಮತ್ತೆ ಕೂಟಗಳನ್ನು ಕಟ್ಟಿ ಪ್ರತಿಭಟಿಸಿದರು.

ಮುಂದಿನ ವರ್ಷಗಳು

1800ರಿಂದ 1807ರವರೆಗೆ ಮನ್ರೋ ಬಳ್ಳಾರಿ, ಅನಂತಪುರ, ಕಡಪ ಭಾಗದ ದತ್ತ ಜಿಲ್ಲೆಗಳ ಹೊಣೆ ಹೊತ್ತ. 1817-18ರ ಮರಾಠಾ ಯುದ್ಧದಲ್ಲಿ ಮತ್ತೆ ಸೈನಿಕನಾಗಿ ಬಾದಾಮಿ, ಬೆಳಗಾವಿ, ಸೊಲ್ಲಾಪುರಗಳನ್ನು ಗೆದ್ದ. 1820ರಲ್ಲಿ ಮದರಾಸಿನ ಗವರ್ನರ್ ಆದ. ಭಾರತೀಯರನ್ನು ದೊಡ್ಡ ಹುದ್ದೆಗಳಿಂದ ದೂರವಿಡುವುದು ತಪ್ಪೆಂದು 1824ರ ಟಿಪ್ಪಣಿಯಲ್ಲಿ ಬರೆದ. 1827ರ ಜುಲೈ 6ರಂದು, ಪ್ರವಾಸದಲ್ಲಿದ್ದಾಗ, ಕರ್ನೂಲು ಸೀಮೆಯ ಪತ್ತಿಕೊಂಡದಲ್ಲಿ ಕಾಲರಾದಿಂದ ತೀರಿಕೊಂಡ. ಚೆನ್ನೈಯಲ್ಲಿ ಆತನ ಕುದುರೆ ಸವಾರಿಯ ಪ್ರತಿಮೆ ಇಂದಿಗೂ ಇದೆ.

ನಮಗೆ ಉಳಿದಿರುವುದು

1862ರಲ್ಲಿ ಉತ್ತರ ಕನ್ನಡ ಮುಂಬಯಿ ಪ್ರಾಂತ್ಯಕ್ಕೆ ಹೋಯಿತು. ಕಾಸರಗೋಡು ಮಾತ್ರ 1956ರ ನವೆಂಬರ್ 1ರವರೆಗೆ ದಕ್ಷಿಣ ಕನ್ನಡದಲ್ಲೇ ಉಳಿದು, ಆಮೇಲೆ ಕೇರಳಕ್ಕೆ ಸೇರಿತು. 1984ರಲ್ಲಿ ಪ್ರತ್ಯೇಕ ಜಿಲ್ಲೆಯಾಯಿತು. ಮೇಲಿನವರ ಒಂದು ಸಹಿಯಿಂದ ಗಡಿ ಎರಡು ಸಲ ಬದಲಾದ ನೆಲ ನಮ್ಮದು. ಆದರೆ ಮನ್ರೋನಂಥ ಅಧಿಕಾರಿಯೂ ಒಡೆತನದ ಹಕ್ಕನ್ನು ಒಪ್ಪಬೇಕಾಗಿ ಬಂದದ್ದು ಊರಿನಲ್ಲಿ ಉಳಿದಿದ್ದ ಬರಹಗಳಿಂದ.

ಕಾಸರಗೋಡಿನ ಅನೇಕ ಮನೆಗಳ ಹಳೆಯ ಭೂದಾಖಲೆಗಳು ಕನ್ನಡದಲ್ಲಿವೆ. ಅವನ್ನು ಓದಬಲ್ಲವರು ಕಡಿಮೆಯಾಗುತ್ತಿದ್ದಾರೆ. ಅಟ್ಟದಲ್ಲಿ ಮೂಲಗೇಣಿ ಚೀಟು, ಪಟ್ಟೆ, ಕಡತಗಳಿದ್ದರೆ ಗೆದ್ದಲಿಗೆ ಬಿಡದಿರಿ. ಫೋಟೋ ತೆಗೆದಿಡಿ, ಬಲ್ಲ ಹಿರಿಯರು ಇರುವಾಗಲೇ ಓದಿಸಿ ಬರೆದಿಟ್ಟುಕೊಳ್ಳಿ ಎಂದು ಎಲ್ಲ ಸದಸ್ಯರಲ್ಲಿ ವಿನಂತಿಸುತ್ತೇವೆ.