ಲೋಥಲ್‌ನ ಮಣ್ಣು ಸರಿಸಿದ ಶಿಕಾರಿಪುರದ ರಾಯರು



ಬಿ.ಎ. ಓದುವಾಗ ಕನ್ನಡದ ಜೊತೆಗೆ ಇತಿಹಾಸವೂ ನನಗೊಂದು ವಿಷಯವಾಗಿತ್ತು. ಲೋಥಲ್, ಗುಜರಾತ್, ಎಸ್.ಆರ್. ರಾವ್ ಎಂದು ಉರು ಹೊಡೆದು ಬರೆದು ಅಂಕ ಗಿಟ್ಟಿಸಿದವಳು ನಾನು. ಈ ರಾವ್ ಯಾವ ಊರಿನವರು ಎಂದು ಒಮ್ಮೆಯೂ ಯೋಚಿಸಲಿಲ್ಲ. ಆಂಧ್ರದ ಕಡೆಯವರಿರಬೇಕು ಎಂದುಕೊಂಡು ಸುಮ್ಮನಾಗಿದ್ದೆ. ಎಷ್ಟೋ ವರ್ಷಗಳ ನಂತರ ನಮ್ಮ ಕನ್ನಡ ಕಾರ್ಯಕ್ರಮಕ್ಕೆ ಟಿಪ್ಪಣಿ ಸಿದ್ಧಪಡಿಸುವಾಗ ಆ 'ಎಸ್' ಎಂದರೆ ಶಿಕಾರಿಪುರ ಎಂದು ತಿಳಿಯಿತು. ಶಿಕಾರಿಪುರ ರಂಗನಾಥ ರಾವ್! ನಮ್ಮ ಶಿವಮೊಗ್ಗ ಸೀಮೆಯವರು. ಅಂದು ಮೈಕಿನ ಮುಂದೆ ಕೂತಾಗ ನನಗೆ ನಿಜಕ್ಕೂ ನಾಚಿಕೆಯಾಯಿತು.

ರಾಯರು ಹುಟ್ಟಿದ್ದು 1922ರ ಜುಲೈ 1ರಂದು. ಓದಿದ್ದು ಮೈಸೂರು ವಿಶ್ವವಿದ್ಯಾನಿಲಯದಲ್ಲಿ. ಆಮೇಲೆ ನಮ್ಮ ನಿಮ್ಮ ಹಾಗೆ ಅವರೂ ಊರು ಬಿಟ್ಟರು. ಬರೋಡಾ ಸಂಸ್ಥಾನದ ಪುರಾತತ್ವ ಇಲಾಖೆಯಲ್ಲಿ ಕೆಲಸ, ನಂತರ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆ. ಭಾಷೆ ಬೇರೆ, ಊಟ ಬೇರೆ, ನೆಲವೂ ಬೇರೆ. ಆದರೆ ಆ ಬೇರೆ ನೆಲವೇ ಅವರ ಕೈಹಿಡಿಯಿತು.

ಆ ಕಾಲದ ಸ್ಥಿತಿ ನೆನಪಿಸಿಕೊಳ್ಳಿ. 1947ರಲ್ಲಿ ದೇಶ ವಿಭಜನೆಯಾದಾಗ ಹರಪ್ಪ, ಮೊಹೆಂಜೊದಾರೊ ಎರಡೂ ಪಾಕಿಸ್ತಾನಕ್ಕೆ ಸೇರಿದವು. ಪಠ್ಯಪುಸ್ತಕದ ಮೊದಲ ಪಾಠವೇ ಗಡಿಯಾಚೆ ಹೋದಂತಾಯಿತು. ಸಿಂಧೂ ನಾಗರಿಕತೆಯ ಕುರುಹು ನಮ್ಮಲ್ಲಿ ಇನ್ನೆಲ್ಲಿದೆ ಎಂಬ ಹುಡುಕಾಟ ಶುರುವಾಯಿತು. ರಾಯರು ಮೊದಲು ಸೌರಾಷ್ಟ್ರದ ರಂಗಪುರದಲ್ಲಿ ಉತ್ಖನನ ನಡೆಸಿದರು. 1954ರಲ್ಲಿ ಅಹಮದಾಬಾದಿನಿಂದ ಸುಮಾರು 80 ಕಿಲೋಮೀಟರ್ ದೂರದ ಸರಗವಾಲಾ ಗ್ರಾಮದ ಬಳಿ ಒಂದು ದಿಬ್ಬವನ್ನು ಗುರುತಿಸಿದರು. ಅದೇ ಲೋಥಲ್. ಗುಜರಾತಿಯಲ್ಲಿ ಹಾಗೆಂದರೆ ಸತ್ತವರ ದಿಬ್ಬ. ಸಿಂಧಿಯಲ್ಲಿ ಮೊಹೆಂಜೊದಾರೊ ಎಂಬುದಕ್ಕೂ ಇದೇ ಅರ್ಥ!

1955ರಲ್ಲಿ ಅಗೆತ ಆರಂಭವಾಯಿತು. ವರ್ಷಗಳ ಕಾಲ ನಡೆಯಿತು. ಮಣ್ಣು ಸರಿಸಿದಂತೆ ಕ್ರಿ.ಪೂ. 2400ರ ಸುಮಾರಿನ ಪಟ್ಟಣವೊಂದು ಎದ್ದುಬಂತು. ನೇರವಾದ ಬೀದಿಗಳು, ಚರಂಡಿಗಳು, ಸ್ನಾನದ ಮನೆಗಳು, ಮಣಿ ಮಾಡುವ ಕಾರ್ಖಾನೆ. ದಂತದ ಒಂದು ಅಳತೆಪಟ್ಟಿಯೂ ಸಿಕ್ಕಿತು. ಅದರಲ್ಲಿ ಗೆರೆಯಿಂದ ಗೆರೆಗೆ ಅಂತರ ಕೇವಲ 1.7 ಮಿಲಿಮೀಟರ್. ಎಂಥ ಲೆಕ್ಕಾಚಾರದ ಜನ!

ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಉಗ್ರಾಣದ ಕಥೆ. ಎತ್ತರದ ಕಟ್ಟೆಯ ಮೇಲಿದ್ದ ಉಗ್ರಾಣದಲ್ಲಿ ಮುದ್ರೆ ಒತ್ತಿದ ಮಣ್ಣಿನ ಬಿಲ್ಲೆಗಳು ದೊರೆತವು. ಬಿಲ್ಲೆಯ ಒಂದು ಮಗ್ಗುಲಲ್ಲಿ ವ್ಯಾಪಾರಿಯ ಮುದ್ರೆ, ಇನ್ನೊಂದು ಮಗ್ಗುಲಲ್ಲಿ ಚಾಪೆ, ಬಟ್ಟೆ, ಹಗ್ಗದ ಅಚ್ಚು. ಪಾರ್ಸೆಲ್ಲಿಗೆ ಅರಗಿನ ಮುದ್ರೆ ಹಾಕುತ್ತಿದ್ದರಲ್ಲ, ಹಾಗೆಯೇ ಅವರು ಮೂಟೆಯ ಗಂಟಿನ ಮೇಲೆ ಹಸಿಮಣ್ಣು ಮೆತ್ತಿ ಮುದ್ರೆ ಒತ್ತುತ್ತಿದ್ದರು. ಒಂದು ದಿನ ಉಗ್ರಾಣಕ್ಕೆ ಬೆಂಕಿ ಬಿತ್ತು. ಸರಕು ಸುಟ್ಟುಹೋಯಿತು, ಆದರೆ ಅದೇ ಬೆಂಕಿಯಲ್ಲಿ ಮಣ್ಣಿನ ಬಿಲ್ಲೆಗಳು ಬೆಂದು ಗಟ್ಟಿಯಾಗಿ ನಾಲ್ಕು ಸಾವಿರ ವರ್ಷ ಉಳಿದವು. ಅಂದು ಯಾರಿಗೋ ಆದ ನಷ್ಟ, ಇಂದು ನಮಗೆ ಇತಿಹಾಸ.

ಪಟ್ಟಣದ ಪೂರ್ವಕ್ಕೆ ಸುಟ್ಟ ಇಟ್ಟಿಗೆಯ ದೊಡ್ಡ ಕೊಳವೊಂದು ಸಿಕ್ಕಿತು. ಉದ್ದ 210 ಮೀಟರಿಗೂ ಹೆಚ್ಚು, ಅಗಲ ಸುಮಾರು 36 ಮೀಟರ್. ಇದು ಹಡಗುಕಟ್ಟೆ ಎಂದು ರಾಯರು ಸಾರಿದರು. ಪರ್ಷಿಯನ್ ಕೊಲ್ಲಿಯ ಮಾದರಿಯ ದುಂಡು ಮುದ್ರೆಯೊಂದು ಲೋಥಲ್‌ನಲ್ಲೇ ಸಿಕ್ಕಿದ್ದು ಸಮುದ್ರ ವ್ಯಾಪಾರಕ್ಕೆ ಸಾಕ್ಷಿಯಾಯಿತು. ಆದರೆ ಎಲ್ಲರೂ ಒಪ್ಪಲಿಲ್ಲ. ಇದು ಸಿಹಿನೀರಿನ ಕೆರೆ ಎಂದು 1968ರಲ್ಲಿ ಲಾರೆನ್ಸ್ ಲೆಶ್ನಿಕ್ ವಾದಿಸಿದರು. ರಾಯರು ತಮ್ಮ ಮಾತು ಬಿಡಲಿಲ್ಲ. ಚರ್ಚೆ ದಶಕಗಳ ಕಾಲ ನಡೆಯಿತು. 2024ರಲ್ಲಿ ಗಾಂಧಿನಗರದ ಐಐಟಿ ಸಂಶೋಧಕರು ಉಪಗ್ರಹ ಚಿತ್ರಗಳು ಮತ್ತು ಹಳೆಯ ನಕ್ಷೆಗಳನ್ನು ಪರಿಶೀಲಿಸಿ, ಸಾಬರಮತಿ ನದಿ ಒಂದು ಕಾಲಕ್ಕೆ ಲೋಥಲ್ ಪಕ್ಕದಲ್ಲೇ ಹರಿಯುತ್ತಿತ್ತು ಎಂದು ತೋರಿಸಿದರು. ಹಡಗುಕಟ್ಟೆಯ ವಾದಕ್ಕೆ ಹೊಸ ಬಲ ಬಂತು. ಆದರೆ ಇದನ್ನು ಕೇಳಲು ರಾಯರು ಇರಲಿಲ್ಲ.

ನಿವೃತ್ತಿಯ ವಯಸ್ಸಿನಲ್ಲಿ ಮನೆಯಲ್ಲಿ ಕೂರುವ ಜಾಯಮಾನ ಅವರದಲ್ಲ. ಗೋವಾದ ರಾಷ್ಟ್ರೀಯ ಸಮುದ್ರವಿಜ್ಞಾನ ಸಂಸ್ಥೆಯಲ್ಲಿ ಸಾಗರ ಪುರಾತತ್ವ ವಿಭಾಗ ಕಟ್ಟಿದರು. 1980ರ ದಶಕದಲ್ಲಿ ದ್ವಾರಕೆಯ ಸಮುದ್ರದಾಳದಲ್ಲಿ ಶೋಧನೆ ನಡೆಯಿತು. ಕಲ್ಲಿನ ಕಟ್ಟಡಗಳ ಅವಶೇಷ, ಕಲ್ಲಿನ ಲಂಗರುಗಳು ಸಿಕ್ಕವು. ಇದೇ ಮಹಾಭಾರತದ ದ್ವಾರಕೆ ಎಂದರು ರಾಯರು. ಆದರೆ ಅದೇ ಸಂಸ್ಥೆಯ ನಂತರದ ಸಂಶೋಧಕರು, ಆ ಕಲ್ಲುಗಳು ಅಷ್ಟು ಹಳೆಯವಲ್ಲ ಎಂಬ ಅಭಿಪ್ರಾಯಕ್ಕೆ ಬಂದರು. ಸಿಂಧೂ ಲಿಪಿಯನ್ನು ಓದಿದ್ದೇನೆ ಎಂಬ ಅವರ ಮಾತನ್ನೂ ವಿದ್ವಾಂಸರು ಒಪ್ಪಲಿಲ್ಲ.

ನಮ್ಮವರು ಎಂಬ ಅಭಿಮಾನದಲ್ಲಿ ಇದನ್ನು ಮುಚ್ಚಿಡಬೇಕೇ? ಬೇಡ ಎನಿಸುತ್ತದೆ ನನಗೆ. ಅಗೆದು ತೆಗೆದದ್ದು ಬೇರೆ, ಅದಕ್ಕೆ ಕೊಟ್ಟ ಅರ್ಥ ಬೇರೆ. ರಾಯರು ತಾವು ಕಂಡದ್ದನ್ನು ಅಳತೆ, ನಕ್ಷೆ, ಚಿತ್ರಗಳ ಸಮೇತ ಎರಡು ದೊಡ್ಡ ಸಂಪುಟಗಳಲ್ಲಿ ಪ್ರಕಟಿಸಿದರು. ಅವರ ಮಾತನ್ನು ಒಪ್ಪದವರೂ ವಾದಕ್ಕೆ ಅವರದೇ ಅಳತೆಗಳನ್ನು ಹಿಡಿಯಬೇಕಾಯಿತು. ಒಬ್ಬ ಪುರಾತತ್ವಜ್ಞನಿಗೆ ಇದಕ್ಕಿಂತ ದೊಡ್ಡ ಗೌರವ ಯಾವುದು?

2013ರ ಜನವರಿ 3ರಂದು, ತೊಂಬತ್ತರ ವಯಸ್ಸಿನಲ್ಲಿ, ಬೆಂಗಳೂರಿನಲ್ಲಿ ರಾಯರು ತೀರಿಕೊಂಡರು.

ಗುಜರಾತಿನ ಕಡೆ ಹೋಗುವ ಯೋಗ ಬಂದರೆ, ಅಹಮದಾಬಾದಿನಿಂದ ಒಂದು ದಿನ ಲೋಥಲ್‌ಗೆ ಹೋಗಿಬನ್ನಿ. ಮಕ್ಕಳನ್ನೂ ಕರೆದುಕೊಂಡು ಹೋಗಿ. ಆ ಇಟ್ಟಿಗೆಯ ಕಟ್ಟೆಯ ಮೇಲೆ ನಿಂತು, ಇದನ್ನು ಮಣ್ಣಿನಿಂದ ಎತ್ತಿದವರು ನಮ್ಮ ಶಿಕಾರಿಪುರದ ರಾಯರು ಎಂದು ಕನ್ನಡದಲ್ಲೇ ಹೇಳಿ. ನನ್ನ ಹಾಗೆ ಅವರು ಬರೀ ಪರೀಕ್ಷೆಗಾಗಿ ಆ ಹೆಸರು ಕಲಿಯುವುದು ಬೇಡ.

ಮತ್ತೆ ಸಿಗೋಣ. ಕೇಳುತ್ತಿರಿ.