ಬೂಟು ಒಳಗೆ ಹೋಯಿತು, ಕೈ ಹೊರಗೆ ಉಳಿಯಿತು

ಸಗಟು ವ್ಯಾಪಾರದಲ್ಲಿ ಈಗ ‘ಹೈಬ್ರಿಡ್ ಗಾಲ್ಫ್ ಶೂ’ ಅಂತ ಒಂದು ಸರಕು ಇದೆ. ಹೈಬ್ರಿಡ್ ಅಂದರೆ ನಮ್ಮ ಹಳ್ಳಿಗಳಿಗೆ ಗೊತ್ತಿರೋದು ಜೋಳ, ಹತ್ತಿ, ಸೀಮೆಹಸು. ಬೂಟಿನಲ್ಲೂ ಹೈಬ್ರಿಡ್ ಬಂದಿದೆ. ಅದರ ಗುಣ ಇಷ್ಟೆ: ಗಾಲ್ಫ್ ಮೈದಾನದ ಒದ್ದೆ ಹುಲ್ಲಿನ ಮೇಲೆ ಜಾರುವುದಿಲ್ಲ, ಆಟ ಮುಗಿದ ಮೇಲೆ ಅದನ್ನೇ ಮೆಟ್ಟಿಕೊಂಡು ಕಾರು ಹತ್ತಬಹುದು, ಆಫೀಸಿಗೆ ಹೋಗಬಹುದು, ಹೋಟೆಲಿನಲ್ಲಿ ಕೂತು ಊಟ ಮಾಡಬಹುದು. ಎರಡೂ ಕಡೆ ಸಲ್ಲುವ ಬೂಟು.

ಗಾಲ್ಫಿಗೂ ನಮಗೂ ಏನಪ್ಪ ಸಂಬಂಧ ಅಂತ ಗೆಳೆಯರು ಕೇಳಬಹುದು. ಆಟಕ್ಕೂ ನಮಗೂ ಇಲ್ಲ. ಮೆಟ್ಟಿಗೂ ನಮಗೂ ಇದೆ. ಸತ್ತ ದನ ಹೊತ್ತವರು, ತೊಗಲು ಸುಲಿದವರು, ತಂಗಡಿ ತೊಗಟೆಯ ನೀರಲ್ಲಿ ಅದನ್ನು ಹದ ಮಾಡಿದವರು, ಉಳಿ ರಂಪಿಗೆ ಹಿಡಿದು ಅಟ್ಟೆ ಕೊಯ್ದವರು ನಮ್ಮ ಕೇರಿಗಳ ಜನ. ನಮ್ಮ ಮನೆಗಳಲ್ಲಿ ಮೊದಲ ಸಲ ಡಿಗ್ರಿ ಓದಿದವರು ನಾವು. ನಾವು ಓದಿದ ಚರಿತ್ರೆಯ ಪುಸ್ತಕಗಳಲ್ಲಿ ಸಿಂಹಾಸನದ ಮೇಲಿಟ್ಟ ಪಾದುಕೆ ಇತ್ತು, ಅದನ್ನು ಮಾಡಿದವನು ಇರಲಿಲ್ಲ. ಹಾಗಾಗಿ ಈ ಬೂಟಿನ ಚರಿತ್ರೆಯನ್ನು ನಾವು ಒಂದೇ ಪ್ರಶ್ನೆ ಹಿಡಿದು ನೋಡುತ್ತೇವೆ. ಎಲ್ಲ ಕಡೆ ಸಲ್ಲುವ ಮೆಟ್ಟು ಮಾಡಿದವರು ತಾವು ಎಲ್ಲೆಲ್ಲಿ ಸಲ್ಲಲಿಲ್ಲ?

ಆಟ ಸ್ಕಾಟ್ಲೆಂಡಿನದು. 1457ರಲ್ಲಿ ಅಲ್ಲಿನ ಪಾರ್ಲಿಮೆಂಟು ಇದನ್ನು ನಿಷೇಧಿಸಿತ್ತು. ಜನ ಬಿಲ್ಲುಗಾರಿಕೆ ಬಿಟ್ಟು ಇದರ ಹಿಂದೆ ಬಿದ್ದಿದ್ದಾರೆ ಅನ್ನುವುದು ದೊರೆಗಳ ಸಿಟ್ಟು. ಆಗ ಅದು ಕಡಲ ದಡದ ಬಯಲಾಟ. ಸಾಮ್ರಾಜ್ಯ ಬೆಳೆದ ಹಾಗೆ ಸಾಹೇಬರ ಆಟವಾಯಿತು. ಬ್ರಿಟಿಷ್ ದ್ವೀಪಗಳ ಆಚೆಗಿನ ಅತ್ಯಂತ ಹಳೆಯ ಗಾಲ್ಫ್ ಕ್ಲಬ್ಬು ಹುಟ್ಟಿದ್ದು 1829ರಲ್ಲಿ, ಕಲ್ಕತ್ತದಲ್ಲಿ. ಬೆಂಗಳೂರಿನ ಕ್ಲಬ್ಬು 1876ರದು. ಮೈಸೂರು ಸೀಮೆಯನ್ನು ಮಸಣ ಮಾಡಿದ ಮಹಾ ಬರ ಶುರುವಾದದ್ದೂ ಅದೇ 1876ರಲ್ಲಿ. ಹದಿನೆಂಟು ಗುಳಿಯ ಪೂರ್ತಿ ಮೈದಾನಕ್ಕೆ ಸಾಮಾನ್ಯವಾಗಿ 100 ಎಕರೆಗೂ ಮೀರಿದ ನೆಲ ಬೇಕು. ಗೇಣು ನೆಲವಿಲ್ಲದವರು ಈ ಲೆಕ್ಕವನ್ನು ಒಂದು ಸಲ ಬಾಯಿಬಿಟ್ಟು ಓದಿಕೊಳ್ಳಬೇಕು.

ಕೋಲು ಬೀಸುವಾಗ ಕಾಲು ಜಾರಬಾರದು. ಅದಕ್ಕೆ 19ನೆಯ ಶತಮಾನದ ಆಟಗಾರರು ದಪ್ಪ ಬೂಟಿನ ಅಟ್ಟೆಗೆ ಮೊಳೆ ಹೊಡೆಸಿಕೊಂಡರು. ಮುಂದೆ ತಿರುಪು ಹಾಕಿ ಕೂರಿಸುವ ಲೋಹದ ಮೊಳೆ ಬಂತು. ಗಾಲ್ಫ್ ಬೂಟು ಅಂದರೆ ಮೊಳೆಬೂಟು ಅನ್ನುವ ಕಾಲ ನೂರು ವರ್ಷ ನಡೆಯಿತು.

ಅದೇ ಶತಮಾನದಲ್ಲಿ ಬೂಟು ಹೊಲಿಯುವ ಕೆಲಸ ಕೈಯಿಂದ ಯಂತ್ರಕ್ಕೆ ಹೋಯಿತು. ಅದು ಹೋದ ಊರು ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಲಿನ್. ಊರಿಗೆ ಊರೇ ಬೂಟು ಮಾಡಿ ಬದುಕುತ್ತಿತ್ತು. 1860ರ ಫೆಬ್ರವರಿ 22ರಂದು ಅಲ್ಲಿನ ಕೆಲಸಗಾರರು ಕೂಲಿ ಸಾಲದು ಅಂತ ಮುಷ್ಕರ ಹೂಡಿದರು. ಸುತ್ತಲ ಊರುಗಳಿಗೆ ಹಬ್ಬಿ ಸುಮಾರು 20,000 ಜನ ಕೆಲಸ ನಿಲ್ಲಿಸಿದರು. ಮಾರ್ಚ್ 7ರಂದು ಹೆಂಗಸರು ಹಿಮ ಬೀಳುತ್ತಿರುವಾಗಲೇ ಬೀದಿಯಲ್ಲಿ ಮೆರವಣಿಗೆ ಹೊರಟರು.

ಆ ಊರಿಗೆ 1877ರಲ್ಲಿ ಒಬ್ಬ ಕರಿಯ ಹುಡುಗ ಬಂದ. ಯಾನ್ ಅರ್ನ್‌ಸ್ಟ್ ಮಟ್ಸೆಲಿಗರ್ ಅಂತ. ಹುಟ್ಟಿದ್ದು 1852ರಲ್ಲಿ, ದಕ್ಷಿಣ ಅಮೆರಿಕದ ಡಚ್ ವಸಾಹತು ಸುರಿನಾಮಿನಲ್ಲಿ. ಅಪ್ಪ ಡಚ್ಚ, ತಾಯಿ ಕಪ್ಪು ಹೆಂಗಸು. ಲಿನ್‌ನ ಕೆಲವು ಚರ್ಚುಗಳು ಅವನ ಬಣ್ಣ ನೋಡಿ ಬಾಗಿಲು ಮುಚ್ಚಿದವು. ಕೊನೆಗೆ ಒಂದು ಸೇರಿಸಿಕೊಂಡಿತು. ಹಗಲು ಕಾರ್ಖಾನೆಯಲ್ಲಿ ದುಡಿದ, ರಾತ್ರಿ ಇಂಗ್ಲಿಷ್ ಕಲಿತ, ಹಳೆಯ ಪೆಟ್ಟಿಗೆಯ ಮರ, ಗುಜರಿ ಕಬ್ಬಿಣ ಸೇರಿಸಿ ಯಂತ್ರದ ಮಾದರಿ ಕಟ್ಟಿದ.

ಯಾವ ಯಂತ್ರ? ಬೂಟು ಮಾಡುವುದರಲ್ಲಿ ಎಲ್ಲಕ್ಕಿಂತ ಕಷ್ಟದ ಕೆಲಸ ಒಂದಿದೆ. ಕಾಲಿನ ಆಕಾರದ ಅಚ್ಚಿನ ಮೇಲೆ ಮೇಲಿನ ಚರ್ಮವನ್ನು ಬಿಗಿಯಾಗಿ ಎಳೆದು, ಬೆರಳ ಕಡೆ ಹಿಮ್ಮಡಿ ಕಡೆ ನೆರಿಗೆ ಹಿಡಿದು, ಕೆಳಗಿನ ಒಳಅಟ್ಟೆಗೆ ಮೊಳೆ ಹೊಡೆಯುವುದು. ಹೊಲಿಯುವುದಕ್ಕೆ ಯಂತ್ರ ಬಂದಿತ್ತು, ಇದಕ್ಕೆ ಬಂದಿರಲಿಲ್ಲ. ಮನುಷ್ಯನ ಬೆರಳು ಮಾಡುವುದನ್ನು ಕಬ್ಬಿಣ ಮಾಡಲಾರದು ಅಂತ ಎಲ್ಲರೂ ಕೈಬಿಟ್ಟಿದ್ದರು. ಮಟ್ಸೆಲಿಗರ್ ಮಾಡಿ ತೋರಿಸಿದ. ಅವನ ನಕ್ಷೆ ಅರ್ಥವಾಗದೆ ಪೇಟೆಂಟ್ ಕಚೇರಿಯವರು ಒಬ್ಬನನ್ನು ಲಿನ್‌ಗೇ ಕಳಿಸಿ ಯಂತ್ರ ಕಣ್ಣಾರೆ ನೋಡಿಸಿದರು. 1883ರ ಮಾರ್ಚ್ 20ರಂದು ಪೇಟೆಂಟ್ ಸಿಕ್ಕಿತು. ನುರಿತವನ ಕೈಯಲ್ಲಿ ದಿನಕ್ಕೆ 50 ಜೊತೆ ಆಗುತ್ತಿದ್ದುದು ಯಂತ್ರದಲ್ಲಿ 150ರಿಂದ 700 ಜೊತೆ ಆಯಿತು. ಬೂಟಿನ ಬೆಲೆ ಇಳಿಯಿತು.

ಅವನಿಗೆ ಸಿಕ್ಕಿದ್ದೇನು? ಕ್ಷಯ. 1889ರಲ್ಲಿ, 36ನೆಯ ವಯಸ್ಸಿಗೆ ಸತ್ತ. ಹತ್ತು ವರ್ಷದಲ್ಲಿ, 1899ರಲ್ಲಿ, ಯಂತ್ರ ಕಂಪನಿಗಳೆಲ್ಲ ಒಂದಾಗಿ ಅಮೆರಿಕದ ಬೂಟಿನ ಯಂತ್ರಗಳನ್ನೇ ಗುತ್ತಿಗೆ ಹಿಡಿದ ದೊಡ್ಡ ಸಂಸ್ಥೆ ಕಟ್ಟಿಕೊಂಡವು. ಕಾರ್ಖಾನೆಯ ಜನ ಆ ಯಂತ್ರವನ್ನು ಕರೆಯುತ್ತಿದ್ದದ್ದು ಅವನ ಹೆಸರಿನಿಂದ ಅಲ್ಲ, ಅವನ ಬಣ್ಣವನ್ನು ಹೀಯಾಳಿಸುವ ಒಂದು ಬೈಗುಳದಿಂದ. ಜಾತಿಯ ಹೆಸರೇ ಬೈಗುಳವಾಗಿರುವ ನಾಡಿನಲ್ಲಿ ಹುಟ್ಟಿದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇತ್ತ ಗಾಲ್ಫ್ ಮೈದಾನದಲ್ಲಿ ಏನು ನಡೆದಿತ್ತು? ಚೆಂಡನ್ನು ಎತ್ತಿ ಕೂರಿಸುವ ಮರದ ಗೂಟಕ್ಕೆ 1899ರಲ್ಲಿ ಪೇಟೆಂಟ್ ಪಡೆದವರು ಜಾರ್ಜ್ ಗ್ರಾಂಟ್, ಕರಿಯ ದಂತವೈದ್ಯರು. 1934ರಲ್ಲಿ ಅಮೆರಿಕದ ವೃತ್ತಿಪರ ಗಾಲ್ಫ್ ಆಟಗಾರರ ಸಂಘ ಬಿಳಿಯರು ಮಾತ್ರ ಸದಸ್ಯರು ಅನ್ನುವ ನಿಯಮ ಬರೆದುಕೊಂಡಿತು. ಅದನ್ನು ಅಳಿಸಿದ್ದು 1961ರ ನವೆಂಬರಿನಲ್ಲಿ. ಜಾರ್ಜಿಯ ರಾಜ್ಯದ ಅಗಸ್ಟಾ ಕ್ಲಬ್ಬಿನ ದೊಡ್ಡ ಪಂದ್ಯಕ್ಕೆ ಮೊದಲ ಕರಿಯ ಆಟಗಾರ, ಲೀ ಎಲ್ಡರ್, ಕಾಲಿಟ್ಟದ್ದು 1975ರಲ್ಲಿ. ಅದಕ್ಕೂ ಮೊದಲು ಅಲ್ಲಿ ಕರಿಯರು ಇರಲಿಲ್ಲವೆ? ಇದ್ದರು. ಆಟಗಾರನ ಕೋಲಿನ ಚೀಲ ಹೊರುವವರು ಅವರೇ. ಕ್ಲಬ್ಬಿನ ಚೀಲ ಹೊರುವವರನ್ನೇ ಇಟ್ಟುಕೊಳ್ಳಬೇಕು ಅನ್ನುವ ಕಟ್ಟಳೆ 1983ರವರೆಗೆ ಇತ್ತು. ಕ್ಲಬ್ಬಿಗೆ ಕರಿಯ ಸದಸ್ಯ ಬಂದದ್ದು 1990ರಲ್ಲಿ. ಬೆವರಿಗೆ ಪ್ರವೇಶವಿತ್ತು, ಹೆಸರಿಗೆ ಇರಲಿಲ್ಲ.

ಹೈಬ್ರಿಡ್ ಬೂಟು ಹೆಸರು ಮಾಡಿದ್ದು ಇದೇ ಅಗಸ್ಟಾದಲ್ಲಿ. 1990ರ ದಶಕದಲ್ಲಿ ಲೋಹದ ಮೊಳೆ ಹುಲ್ಲು ಕೀಳುತ್ತದೆ ಅಂತ ಕ್ಲಬ್ಬುಗಳು ಪ್ಲಾಸ್ಟಿಕ್ ಮೊಳೆಗೆ ತಿರುಗಿದವು. ಮನುಷ್ಯರ ಮೇಲಿನ ನಿಷೇಧ ಅಳಿಸಲು ಹಿಡಿದಷ್ಟು ಕಾಲ ಹುಲ್ಲಿನ ವಿಷಯದಲ್ಲಿ ಹಿಡಿಯಲಿಲ್ಲ. 2010ರಲ್ಲಿ ಫ್ರೆಡ್ ಕಪಲ್ಸ್ ಎಂಬ ಆಟಗಾರ ಅಗಸ್ಟಾಕ್ಕೆ ಮೊಳೆಯೇ ಇಲ್ಲದ, ಬೀದಿಯಲ್ಲಿ ಹಾಕುವಂಥ ಬೂಟನ್ನು ಕಾಲುಚೀಲವಿಲ್ಲದೆ ಹಾಕಿಕೊಂಡು ಬಂದ. ಟಿ.ವಿ.ಯಲ್ಲಿ ಲೋಕವೆಲ್ಲ ನೋಡಿತು. ಅಲ್ಲಿಂದ ಎಲ್ಲ ಕಂಪನಿಗಳೂ ಅಂಥದ್ದನ್ನು ಮಾಡತೊಡಗಿದವು.

ಈ ಬೂಟು ಆಗುವ ಬಗೆ ಹೀಗೆ. ಉಕ್ಕಿನ ಅಂಚಿನ ಅಚ್ಚಿಟ್ಟು ಒತ್ತಿ ಚರ್ಮವನ್ನೋ ಚರ್ಮದಂಥ ಕೃತಕ ಬಟ್ಟೆಯನ್ನೋ ಕತ್ತರಿಸುತ್ತಾರೆ. ತುಂಡುಗಳನ್ನು ಹೊಲಿದು ಮೇಲುಭಾಗ ಮಾಡುತ್ತಾರೆ. ಈ ಸಾಲಿನಲ್ಲಿ ಕೂತವರು ಹೆಚ್ಚಾಗಿ ಹೆಂಗಸರು. ನೀರು ಒಳಬರದ ತೆಳು ಪೊರೆಯನ್ನು ಒಳಗೆ ಸೇರಿಸುತ್ತಾರೆ. ಬಿಸಿಮಾಡಿ ಮೆದು ಮಾಡಿ ಅಚ್ಚಿನ ಮೇಲೆ ಎಳೆಯುತ್ತಾರೆ. ಮಟ್ಸೆಲಿಗರನ ಯಂತ್ರದ ಮೊಮ್ಮಕ್ಕಳು ಇವತ್ತೂ ಇದನ್ನು ಮಾಡುತ್ತವೆ. ಹಗುರ ನೊರೆಯಂಥ ಪದರ ನಡುವೆ, ರಬ್ಬರಿನದೋ ಗಟ್ಟಿ ಪ್ಲಾಸ್ಟಿಕ್ಕಿನದೋ ಅಟ್ಟೆ ಕೆಳಗೆ. ಮೊಳೆಯ ಬದಲು ಅಟ್ಟೆಯಲ್ಲೇ ಎರಕವಾಗಿ ಬಂದ ಸಣ್ಣ ಸಣ್ಣ ಗುಬುಟುಗಳು. ಗೋಂದು ಹಚ್ಚಿ ಒತ್ತಿದರೆ ಬೂಟು.

ಸಗಟು ಕೊಳ್ಳುವವನು ಇದ್ಯಾವುದನ್ನೂ ಮಾಡುವುದಿಲ್ಲ. ಕಾರ್ಖಾನೆಯ ಮಾದರಿ ಆರಿಸುತ್ತಾನೆ, ಇಲ್ಲವೆ ತನ್ನ ನಕ್ಷೆ ಕಳಿಸುತ್ತಾನೆ. ಒಂದೊಂದು ಅಳತೆಯ ಅಟ್ಟೆಗೂ ಬೇರೆ ಮೋಲ್ಡ್ ಬೇಕು, ಅದರ ಖರ್ಚು ಯಾರದು ಅಂತ ಚೌಕಾಸಿ ಮಾಡುತ್ತಾನೆ. ಅಷ್ಟು ನೂರು ಜೊತೆಗಿಂತ ಕಡಿಮೆ ಮಾಡೋದಿಲ್ಲ ಅಂತ ಕಾರ್ಖಾನೆ ಅನ್ನುತ್ತದೆ. ಅಷ್ಟು ಕೊಂಡರೆ ಬೆಲೆ ಎಷ್ಟು ಇಳಿಸುತ್ತೀ ಅಂತ ಇವನು ಕೇಳುತ್ತಾನೆ. ಇಳಿಯುವ ಬೆಲೆ ರಬ್ಬರಿನಿಂದ ಇಳಿಯುವುದು ಕಷ್ಟ, ಕೂಲಿಯಿಂದ ಇಳಿಯುವುದು ಸುಲಭ. ಅದಕ್ಕೇ ಬೂಟಿನ ಕಾರ್ಖಾನೆ ನಿಂತಲ್ಲಿ ನಿಲ್ಲದ ಅಲೆಮಾರಿ. ಅಮೆರಿಕದಿಂದ ಹೊರಟ ಕೆಲಸ 1970–80ರ ದಶಕಗಳಲ್ಲಿ ದಕ್ಷಿಣ ಕೊರಿಯ, ತೈವಾನ್‌ಗಳಲ್ಲಿ ನೆಲೆಸಿತ್ತು. ಅಲ್ಲಿ ಕೂಲಿ ಏರಿದಾಗ ಚೀನದ ಗುವಾಂಗ್‌ಡಾಂಗ್, ಫುಜಿಯಾನ್ ಪ್ರಾಂತ್ಯಗಳಿಗೆ, ಆಮೇಲೆ ವಿಯೆಟ್ನಾಂ, ಇಂಡೋನೇಷ್ಯಗಳಿಗೆ ಹೊರಟಿತು.

ಚರ್ಮದ ಮಾತು ಬಂದರೆ ನಮ್ಮ ಪಕ್ಕಕ್ಕೇ ಬರಬೇಕು. ನಮ್ಮ ನಂದಿಬೆಟ್ಟದ ಸೀಮೆಯಲ್ಲಿ ಹುಟ್ಟುವ ಪಾಲಾರ್ ಹೊಳೆ ಕೋಲಾರ ಜಿಲ್ಲೆ ದಾಟಿ ತಮಿಳುನಾಡಿಗೆ ಇಳಿಯುತ್ತದೆ. ಅದರ ದಡದ ವಾಣಿಯಂಬಾಡಿ, ಆಂಬೂರು, ರಾಣಿಪೇಟೆ ಊರುಗಳು ಪರದೇಶದ ಬೂಟಿಗೆ ಚರ್ಮ ಹದ ಮಾಡುತ್ತವೆ. ಗಾಲ್ಫ್ ಬೂಟಿಗಾಗಲಿ ಆಫೀಸಿನ ಬೂಟಿಗಾಗಲಿ ಚರ್ಮ ಹದವಾಗುವ ದಾರಿ ಒಂದೇ. ತೊಗಟೆಯಲ್ಲಿ ವಾರಗಟ್ಟಲೆ ಹಿಡಿಯುತ್ತಿದ್ದುದು ಕ್ರೋಮಿಯಂ ಉಪ್ಪಿನಲ್ಲಿ ಒಂದೆರಡು ದಿನಕ್ಕೆ ಆಗುತ್ತದೆ. ಆ ನೀರು ಪಾಲಾರ್‌ಗೆ ಸೇರಿ ಬಾವಿ, ಹೊಲ ಕೆಟ್ಟವು. 1996ರ ಆಗಸ್ಟ್ 28ರಂದು ಸುಪ್ರೀಂ ಕೋರ್ಟು ವೆಲ್ಲೂರಿನ ನಾಗರಿಕರ ದಾವೆಯಲ್ಲಿ, ಕೆಡಿಸಿದವರೇ ತೆರಬೇಕು ಅಂತ ತೀರ್ಪು ಕೊಟ್ಟಿತು.

ಈಗ ಎರಡು ತಾರೀಖು ಪಕ್ಕಪಕ್ಕ ಇಡುತ್ತೇವೆ. 2015ರ ಮೇ 1ರಿಂದ ಯುರೋಪಿನಲ್ಲಿ ಹೊಸ ಕಾನೂನು: ಮೈಗೆ ತಾಗುವ ಚರ್ಮದ ಸಾಮಾನಿನಲ್ಲಿ ವಿಷದ ಬಗೆಯ ಕ್ರೋಮಿಯಂ ಕಿಲೋಗೆ 3 ಮಿಲಿಗ್ರಾಂ ಮುಟ್ಟಿದರೆ ಮಾರುವ ಹಾಗಿಲ್ಲ. ಒಳ್ಳೆಯ ಕಾನೂನು, ಯಾರ ಕಾಲೂ ಕೆಡಬಾರದು. ಅದಕ್ಕೆ ಮೂರು ತಿಂಗಳ ಮುಂಚೆ, 2015ರ ಜನವರಿ 31ರಂದು, ರಾಣಿಪೇಟೆಯಲ್ಲಿ ಚರ್ಮದ ಕಾರ್ಖಾನೆಗಳ ಹೊಲಸು ಕೂಡಿಟ್ಟ ತೊಟ್ಟಿಯ ಗೋಡೆ ಒಡೆಯಿತು. ಪಕ್ಕದ ಕಾರ್ಖಾನೆಯಲ್ಲಿ ಮಲಗಿದ್ದ ಕೆಲಸಗಾರರ ಮೇಲೆ ಕೆಸರು ನುಗ್ಗಿತು. 10 ಜನ ಸತ್ತರು. ಹೆಚ್ಚಿನವರು ಪಶ್ಚಿಮ ಬಂಗಾಳದಿಂದ ಹೊಟ್ಟೆಪಾಡಿಗೆ ಬಂದವರು. ಬೂಟು ಹಾಕುವವನ ಕಾಲಿಗೆ ಮಿಲಿಗ್ರಾಂ ಲೆಕ್ಕ. ಚರ್ಮ ಹದ ಮಾಡುವವನ ಉಸಿರಿಗೆ ಯಾವ ಲೆಕ್ಕ?

ಇದೇ ತಮಿಳುನಾಡಿನ ತಿರುಪ್ಪೂರು ಜಿಲ್ಲೆಯ ರಾಜಾವೂರಿನಲ್ಲಿ ದಲಿತರು ಮೇಲ್ಜಾತಿಯ ಬೀದಿಯಲ್ಲಿ ಚಪ್ಪಲಿ ಹಾಕಿ ನಡೆಯುವಂತಿರಲಿಲ್ಲ. 2023ರ ಡಿಸೆಂಬರಿನಲ್ಲಿ ಸುಮಾರು 60 ಜನ ಗುಂಪಾಗಿ ಚಪ್ಪಲಿ ಮೆಟ್ಟಿ ಆ ಬೀದಿ ದಾಟಿದರು. ಅದನ್ನು ಪತ್ರಿಕೆಗಳು ಸುದ್ದಿ ಮಾಡಬೇಕಾಯಿತು. ಚಪ್ಪಲಿ ಕೈಯಲ್ಲಿ ಹಿಡಿದು ಊರು ದಾಟಿದ ಅಜ್ಜಂದಿರ ಮೊಮ್ಮಕ್ಕಳಿಗೆ ಇದು ಹೊಸ ಸುದ್ದಿ ಅಲ್ಲ. 2016ರ ಜುಲೈ 11ರಂದು ಗುಜರಾತಿನ ಊನಾ ತಾಲೂಕಿನಲ್ಲಿ ಸತ್ತ ದನದ ಚರ್ಮ ಸುಲಿದದ್ದಕ್ಕೆ ದಲಿತ ಹುಡುಗರನ್ನು ಹೊಡೆದರು. ಸುಲಿಯದಿದ್ದರೆ ಕುಲಕಸುಬು ಬಿಟ್ಟ ಅಂತ ಹೊಡೆತ, ಸುಲಿದರೆ ದನ ಮುಟ್ಟಿದ ಅಂತ ಹೊಡೆತ. ಈ ಬಲೆ ಬಾಬಾಸಾಹೇಬರಿಗೆ ಗೊತ್ತಿತ್ತು. ಸತ್ತ ದನದ ಕೆಲಸ ಬಿಡಿ, ಮಾನ ಹಿಡಿಯಿರಿ ಅಂತ ಅವರು ನಮ್ಮವರಿಗೆ ಹೇಳುತ್ತಲೇ ಇದ್ದರು.

ನಮ್ಮ ಕಲ್ಯಾಣದ ಹರಳಯ್ಯನ ಕಥೆಯೂ ಇದೇ. ಹರಳಯ್ಯ, ಕಲ್ಯಾಣಮ್ಮ ತೊಡೆಯ ಚರ್ಮದಲ್ಲಿ ಮಾಡಿದ ಚಮ್ಮಾವುಗೆಯನ್ನು ಬಸವಣ್ಣ ತಲೆಯ ಮೇಲೆ ಇಟ್ಟುಕೊಂಡರು ಅನ್ನುತ್ತಾರೆ. ಆ ಕಥೆಯನ್ನು ಎಲ್ಲರೂ ಹಾಡುತ್ತಾರೆ. ಹರಳಯ್ಯನ ಮಗನಿಗೆ ಬ್ರಾಹ್ಮಣ ಮಧುವರಸನ ಮಗಳನ್ನು ಕೊಟ್ಟಾಗ ಏನಾಯಿತು? ಇಬ್ಬರು ಬೀಗರನ್ನೂ ಕೊಂದರು. ಚಮ್ಮಾವುಗೆ ತಲೆ ಏರಬಹುದು. ಮಾಡಿದವನ ಮಗ ಹಸೆ ಏರಬಾರದು. ಎಂಟುನೂರು ವರ್ಷದಲ್ಲಿ ಈ ಗುಣ ಎಷ್ಟು ಬದಲಾಗಿದೆ? ಅಥಣಿ, ನಿಪ್ಪಾಣಿ ಸೀಮೆಯ ನಮ್ಮ ಜನವೂ ಹೊಲಿಯುವ ಕೊಲ್ಹಾಪುರಿ ಚಪ್ಪಲಿಗೆ 2019ರಲ್ಲಿ ಭೌಗೋಳಿಕ ಗುರುತು ಸಿಕ್ಕಿತು. 2025ರ ಜೂನಿನಲ್ಲಿ ಇಟಲಿಯ ಪ್ರಾಡಾ ಕಂಪನಿ ಮಿಲಾನಿನ ಪ್ರದರ್ಶನದಲ್ಲಿ ಅದೇ ರೂಪದ ಚಪ್ಪಲಿ ತೋರಿಸಿತು. ಎಲ್ಲಿಂದ ಬಂತು ಅಂತ ಹೇಳಲಿಲ್ಲ. ಗದ್ದಲವಾದ ಮೇಲೆ ಒಪ್ಪಿಕೊಂಡಿತು.

ಕುಲಕಸುಬು ಉಳಿಸಿ ಅಂತ ನಾವು ಅಳುತ್ತಿಲ್ಲ. ಹುಟ್ಟಿನಿಂದ ಹೇರಿದ ಕಸುಬು ಹೋದರೆ ಹೋಗಲಿ. ಚರ್ಮ ಮುಟ್ಟುವುದು ಕೀಳಲ್ಲ, ಮುಟ್ಟುವವನಿಗೆ ಆರಿಸುವ ಹಕ್ಕಿಲ್ಲದ್ದು ಕೀಳು. ನಾವು ಕೇಳುವುದು ಲೆಕ್ಕ. ಗಡಿ ದಾಟುವ ಪ್ರತಿಯೊಂದು ಬೂಟಿಗೂ ಕಸ್ಟಮ್ಸಿನ ಪಟ್ಟಿ ಇದೆ, 64ನೆಯ ಅಧ್ಯಾಯ. ಮೇಲುಭಾಗ ಏನು, ಅಟ್ಟೆ ಏನು ಅಂತ ಅದು ಕೇಳುತ್ತದೆ. ಸಗಟು ಕೊಳ್ಳುವವನ ಮನುಷ್ಯ ಬಂದು ಪೆಟ್ಟಿಗೆ ಒಡೆದು ಹೊಲಿಗೆ ನೋಡುತ್ತಾನೆ, ಯಂತ್ರದಲ್ಲಿ ಬೂಟನ್ನು ಸಾವಿರಗಟ್ಟಲೆ ಸಲ ಬಗ್ಗಿಸಿ ಬಿರುಕು ಹುಡುಕುತ್ತಾನೆ. ಇಷ್ಟು ನೋಡಬಲ್ಲವನು ಜೊತೆಗೆ ಎಷ್ಟು ಕೂಲಿ ಕೊಟ್ಟೆ, ಹದ ಮಾಡಿದವನು ರಾತ್ರಿ ಎಲ್ಲಿ ಮಲಗಿದ ಅನ್ನುವುದನ್ನೂ ನೋಡಬಲ್ಲ. ನೋಡಬೇಕು ಅಂತ ಕಾನೂನಿನಲ್ಲಿ ಬರೆಸಬೇಕು.

ಹಳ್ಳಿ ಶಾಲೆಯ ಮೇಷ್ಟ್ರುಗಳಿಗೆ ಒಂದು ಮಾತು. ಆವಿಯ ಯಂತ್ರದ ಪಾಠದಲ್ಲಿ ಜೇಮ್ಸ್ ವಾಟ್ ಹೆಸರು ಬರೆಸುತ್ತೀರಿ. ಅದರ ಕೆಳಗೆ ಮಟ್ಸೆಲಿಗರ್ ಅಂತಲೂ ಬರೆಸಿ. ಆಮೇಲೆ ಶಾಲೆಯ ಹೊರಗೆ ಬಿಟ್ಟ ಚಪ್ಪಲಿ ಸಾಲನ್ನು ತೋರಿಸಿ, ಇವನ್ನು ಯಾರು ಮಾಡಿದರು, ಅವರಿಗೆ ಎಷ್ಟು ಸಿಕ್ಕಿತು, ಅವರ ಮಕ್ಕಳು ಯಾವ ಶಾಲೆಯಲ್ಲಿದ್ದಾರೆ ಅಂತ ಮಕ್ಕಳನ್ನು ಕೇಳಿ. ಉತ್ತರ ಹುಡುಕಿಕೊಂಡು ಅವರು ಊರೊಳಗೂ ಹೋಗಲಿ, ಕೇರಿಯೊಳಗೂ ಬರಲಿ.