ಪಾಸ್‌ಪೋರ್ಟ್ ಮತ್ತು ಪ್ರಾಣ: ವಿಮಾನ ಭಯೋತ್ಪಾದನೆಯ ಮಾನವ ನಷ್ಟದ ಲೆಕ್ಕ (1985–1999)

ವಿಮಾನ ಅಪಹರಣಗಳ ಬಗ್ಗೆ ನಮ್ಮಲ್ಲಿ ಬಂದ ಬರಹಗಳು ಹೆಚ್ಚಾಗಿ ಅಪಹರಣಕಾರರ ಬೇಡಿಕೆ, ಸರ್ಕಾರದ ಸಂಧಾನ, ಬಿಡುಗಡೆಯಾದ ಕೈದಿಗಳು ಇವಿಷ್ಟರ ಸುತ್ತಲೇ ಸುತ್ತುತ್ತವೆ. ಪ್ರಾಣ ಕಳೆದುಕೊಂಡವರಿಗೆ ಅಲ್ಲಿ ಸಿಗುವುದು ಒಂದು ಸಂಖ್ಯೆಯ ಜಾಗ ಮಾತ್ರ. ಆ ಸಂಖ್ಯೆಯನ್ನು ಯಾವ ದೇಶ ತನ್ನ ಖಾತೆಗೆ ಬರೆದುಕೊಂಡಿತು, ಯಾವ ದೇಶ ಕೈತೊಳೆದುಕೊಂಡಿತು ಎಂಬುದನ್ನು ಎರಡು ಅಪಹರಣಗಳು ಮತ್ತು ಒಂದು ಬಾಂಬ್ ಸ್ಫೋಟದ ಹಿನ್ನೆಲೆಯಲ್ಲಿ ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಕನಿಷ್ಕ, 1985

1985ರ ಜೂನ್ 23ರಂದು ಮಾಂಟ್ರಿಯಲ್‌ನಿಂದ ಲಂಡನ್ ಮಾರ್ಗವಾಗಿ ದೆಹಲಿಗೆ ಬರುತ್ತಿದ್ದ ಏರ್ ಇಂಡಿಯಾದ ‘ಕನಿಷ್ಕ’ ಐರ್ಲೆಂಡ್ ಕರಾವಳಿಯಾಚೆ 31,000 ಅಡಿ ಎತ್ತರದಲ್ಲಿ ಸಿಡಿಯಿತು. 329 ಜನರಲ್ಲಿ ಒಬ್ಬರೂ ಉಳಿಯಲಿಲ್ಲ. ಸತ್ತವರಲ್ಲಿ 80ಕ್ಕೂ ಹೆಚ್ಚು ಮಕ್ಕಳಿದ್ದರು. ಸಿಕ್ಕ ದೇಹಗಳು 131. ಉಳಿದ ಮನೆಗಳವರಿಗೆ ಅಂತ್ಯಸಂಸ್ಕಾರ ಮಾಡುವ ಅವಕಾಶವೂ ಸಿಗಲಿಲ್ಲ.

ಕಾರಣ ಹುಡುಕುವ ಕೆಲಸದಲ್ಲಿ ಕರ್ನಾಟಕದ ಪಾಲೂ ಇತ್ತು. ಬೆಂಗಳೂರಿನ ರಾಷ್ಟ್ರೀಯ ವೈಮಾನಿಕ ಪ್ರಯೋಗಾಲಯದ ವಿಜ್ಞಾನಿಗಳು ಅವಶೇಷಗಳ ಪರೀಕ್ಷೆಯಲ್ಲಿ ಪಾಲ್ಗೊಂಡರು. ಸಮುದ್ರದ ತಳದಿಂದ ಮೇಲೆತ್ತಿದ, ಮುಂಭಾಗದ ಸರಕು ಕೋಣೆಯ ತಗಡಿನಲ್ಲಿ ತೂತುಗಳಿದ್ದವು. ಅವುಗಳ ಅಂಚು ಎಸಳಿನಂತೆ ಹೊರಮುಖವಾಗಿ ಮಡಚಿಕೊಂಡಿತ್ತು. ಹೊಡೆತ ಒಳಗಿನಿಂದ ಬಿದ್ದಿದೆ ಎಂಬುದಕ್ಕೆ ಇದು ಪುರಾವೆ. ನ್ಯಾಯಮೂರ್ತಿ ಬಿ.ಎನ್. ಕಿರ್ಪಾಲ್ ಆಯೋಗ 1986ರಲ್ಲಿ ಸಲ್ಲಿಸಿದ ವರದಿಯಲ್ಲಿ ಇದು ಬಾಂಬಿನ ಕೃತ್ಯವೆಂದು ತೀರ್ಮಾನಿಸಿತು. ವ್ಯಾಂಕೂವರ್‌ನಲ್ಲಿ ಏರಿಸಿದ ಒಂದು ಸೂಟ್‌ಕೇಸ್ ಅದರ ಒಡೆಯನಿಲ್ಲದೆಯೇ ಪ್ರಯಾಣ ಮಾಡಿತ್ತು.

ಸತ್ತವರಲ್ಲಿ 268 ಮಂದಿ ಕೆನಡಾ ಪ್ರಜೆಗಳು. ಆದರೂ ಅಲ್ಲಿನ ಪ್ರಧಾನಿ ಬ್ರಯನ್ ಮಲ್ರೋನಿ ಸಂತಾಪ ಹೇಳಿದ್ದು ರಾಜೀವ್ ಗಾಂಧಿಯವರಿಗೆ. ವಿಮಾನ ಭಾರತದ್ದು, ಮೃತರ ಮೈಬಣ್ಣವೂ ಭಾರತದ್ದು, ಹಾಗಾಗಿ ದುಃಖವೂ ಭಾರತದ್ದೇ ಎಂದಾಯಿತು. ತನ್ನವರು ಸತ್ತರೆಂದು ಕೆನಡಾ ಸರ್ಕಾರ ವಿಧಿವತ್ತಾಗಿ ಕ್ಷಮೆ ಕೇಳಿದ್ದು 2010ರಲ್ಲಿ, ನ್ಯಾಯಮೂರ್ತಿ ಜಾನ್ ಮೇಜರ್ ಆಯೋಗದ ವರದಿ ಬಂದ ಮೇಲೆ. ಇಲ್ಲಿ ಪೌರತ್ವದ ಕಾಗದವಿದ್ದರೂ ಅದು ಕೆಲಸಕ್ಕೆ ಬರಲಿಲ್ಲ.

ಪ್ಯಾನ್ ಆ್ಯಮ್ 73, 1986

ಮರುವರ್ಷ ಸೆಪ್ಟೆಂಬರ್ 5ರಂದು ಕರಾಚಿಯಲ್ಲಿ ಅದೇ ಕಾಗದ ಸಾವು ಬದುಕನ್ನು ತೀರ್ಮಾನಿಸಿತು. ಮುಂಬಯಿಯಿಂದ ಹೊರಟಿದ್ದ ವಿಮಾನಕ್ಕೆ ಭದ್ರತಾ ಸಿಬ್ಬಂದಿಯ ವೇಷದಲ್ಲಿ ನಾಲ್ವರು ಬಂದೂಕುಧಾರಿಗಳು ನುಗ್ಗಿದರು. ಗಗನಸಖಿಯರ ಎಚ್ಚರಿಕೆ ಸಿಕ್ಕ ಕೂಡಲೇ ಚಾಲಕರು ತಪ್ಪಿಸಿಕೊಂಡದ್ದರಿಂದ ವಿಮಾನ ನೆಲದಲ್ಲೇ ಉಳಿಯಿತು. ಅಮೆರಿಕದ ಪೌರತ್ವ ಪಡೆದಿದ್ದ ಭಾರತೀಯ ಮೂಲದ ಯುವಕನೊಬ್ಬನನ್ನು ಬಾಗಿಲ ಬಳಿ ಗುಂಡಿಕ್ಕಿ ಕೆಳಕ್ಕೆ ತಳ್ಳಿದರು. ಆಮೇಲೆ ಎಲ್ಲರ ಪಾಸ್‌ಪೋರ್ಟ್ ಸಂಗ್ರಹಿಸಲು ಸಿಬ್ಬಂದಿಗೆ ಹೇಳಿದರು. ಗಗನಸಖಿ ನೀರಜಾ ಭನೋಟ್ ಮತ್ತು ಸಂಗಡಿಗರು ಅಮೆರಿಕದ ಪಾಸ್‌ಪೋರ್ಟ್‌ಗಳನ್ನು ಸೀಟಿನಡಿ, ಕಸದ ತೊಟ್ಟಿಯಲ್ಲಿ ಬಚ್ಚಿಟ್ಟರು.

ಸುಮಾರು 16 ಗಂಟೆಗಳ ಬಳಿಕ ವಿದ್ಯುತ್ ಕೈಕೊಟ್ಟು ದೀಪ ಆರಿದಾಗ ಬಂದೂಕುಧಾರಿಗಳು ಗುಂಡು ಹಾರಿಸಿ ಗ್ರೆನೇಡ್ ಎಸೆದರು. 20ಕ್ಕೂ ಹೆಚ್ಚು ಮಂದಿ ಸತ್ತರು, 100ಕ್ಕೂ ಹೆಚ್ಚು ಮಂದಿ ಗಾಯಗೊಂಡರು. ಸತ್ತವರಲ್ಲಿ ಭಾರತೀಯರೇ ಹೆಚ್ಚು. 23ನೇ ಹುಟ್ಟುಹಬ್ಬಕ್ಕೆ ಎರಡು ದಿನವಿದ್ದ ನೀರಜಾಗೆ ಮರಣೋತ್ತರ ಅಶೋಕ ಚಕ್ರ ಸಂದಿತು.

ಗ್ರೆನೇಡು ದೇಶ ನೋಡಲಿಲ್ಲ, ಪರಿಹಾರ ನೋಡಿತು. 2008ರ ಒಪ್ಪಂದದಂತೆ, ಅಪಹರಣಕಾರರಿಗೆ ಬೆಂಬಲ ಕೊಟ್ಟ ಆರೋಪ ಹೊತ್ತಿದ್ದ ಲಿಬಿಯಾದಿಂದ ಅಮೆರಿಕ ಪಡೆದ 150 ಕೋಟಿ ಡಾಲರ್ ನಿಧಿ ಅಮೆರಿಕದ ಪ್ರಜೆಗಳ ಹಕ್ಕು ತೀರಿಸಲು ಮೀಸಲಾಯಿತು. ಅದೇ ವಿಮಾನದಲ್ಲಿ ಸತ್ತ ಭಾರತೀಯರ ಮನೆಯವರು ಅಮೆರಿಕದ ನ್ಯಾಯಾಲಯದಲ್ಲಿ ದಾವೆ ಹೂಡಿದ್ದರೂ ಆ ಒಪ್ಪಂದದಿಂದ ಹೊರಗುಳಿದರು.

ಐಸಿ 814, 1999

1999ರ ಡಿಸೆಂಬರ್ 24ರಂದು ಕಠ್ಮಂಡುವಿನಿಂದ ದೆಹಲಿಗೆ ಹೊರಟ ಇಂಡಿಯನ್ ಏರ್‌ಲೈನ್ಸ್ ವಿಮಾನ ಅಪಹರಣಕ್ಕೊಳಗಾಗಿ ಅಮೃತಸರ, ಲಾಹೋರ್, ದುಬೈ ಹಾದು ಅಫ್ಘಾನಿಸ್ತಾನದ ಕಂದಹಾರ್ ಸೇರಿತು. ಮಧುಚಂದ್ರ ಮುಗಿಸಿ ಮರಳುತ್ತಿದ್ದ 25 ವರ್ಷದ ಯುವಕ ಇರಿತಕ್ಕೆ ಬಲಿಯಾದ. ದುಬೈಯಲ್ಲಿ 27 ಪ್ರಯಾಣಿಕರೊಂದಿಗೆ ಆತನ ದೇಹವನ್ನು ಇಳಿಸಲಾಯಿತು. ಹೆಂಡತಿ ಮಾತ್ರ ಒತ್ತೆಯಾಳಾಗಿ ವಿಮಾನದಲ್ಲೇ ಉಳಿದಳು. ದೆಹಲಿಯಲ್ಲಿ ಒತ್ತೆಯಾಳುಗಳ ಬಂಧುಗಳು ಪ್ರಧಾನಿ ನಿವಾಸದತ್ತ ನುಗ್ಗಿದರು. ಡಿಸೆಂಬರ್ 31ರಂದು ಭಾರತದ ಜೈಲಿನಲ್ಲಿದ್ದ ಮಸೂದ್ ಅಜರ್ ಸೇರಿ ಮೂವರು ಉಗ್ರರನ್ನು ಬಿಟ್ಟುಕೊಟ್ಟು ಉಳಿದವರನ್ನು ಕರೆತರಲಾಯಿತು. ಇಂದಿಗೂ ಚರ್ಚೆ ನಡೆಯುವುದು ಆ ಮೂವರ ಬಗ್ಗೆಯೇ. ಎಂಟು ದಿನ ಸೀಟಿನಲ್ಲಿ ತಲೆತಗ್ಗಿಸಿ ಕೂತಿದ್ದವರ ಬಗ್ಗೆ ಚರ್ಚೆಯಾಗುವುದು ಅಪರೂಪ.

ಕಾನೂನು ಮತ್ತು ತೀರ್ಮಾನ

1982ರ ಅಪಹರಣ ತಡೆ ಕಾಯ್ದೆಯ ಬದಲಿಗೆ ಬಂದ 2016ರ ಕಾಯ್ದೆ, ಅಪಹರಣದಲ್ಲಿ ಒತ್ತೆಯಾಳು ಸತ್ತರೆ ಅಪರಾಧಿಗೆ ಮರಣದಂಡನೆ ವಿಧಿಸುತ್ತದೆ. ಅದರ ಕಣ್ಣು ಅಪರಾಧಿಯ ಮೇಲಿದೆ. ಭಾರತ 2009ರಲ್ಲಿ ಸೇರಿದ ಮಾಂಟ್ರಿಯಲ್ ಒಪ್ಪಂದದ ತರ್ಕ ಬೇರೆ. ಅಲ್ಲಿ ವಿಮಾನ ಸಂಸ್ಥೆಯ ಹೊಣೆಗೆ ಪ್ರಯಾಣವೇ ಆಧಾರ, ಪ್ರಯಾಣಿಕನ ಪೌರತ್ವವಲ್ಲ.

ಕನಿಷ್ಕದಲ್ಲಿ ಪಾಸ್‌ಪೋರ್ಟ್ ಇದ್ದವರನ್ನು ಅವರ ದೇಶವೇ ಮರೆಯಿತು. ಕರಾಚಿಯಲ್ಲಿ ಅಮೆರಿಕದ ಪಾಸ್‌ಪೋರ್ಟ್ ಇದ್ದವರು ಗುರಿಯಾದರು, ಇಲ್ಲದವರು ಪರಿಹಾರದಿಂದ ಹೊರಗುಳಿದರು. ಕಂದಹಾರ್‌ನಲ್ಲಿ ಬದುಕಿ ಬಂದವರು ರಾಜಕೀಯ ವಾದದ ಅಡಿಟಿಪ್ಪಣಿಯಾದರು. ಭಯೋತ್ಪಾದನೆಯ ನಷ್ಟವನ್ನು ದೇಶವಾರು ಪಟ್ಟಿಗಳಿಂದ ಅಳೆಯುವಷ್ಟು ಕಾಲ ಈ ತಾರತಮ್ಯ ತಪ್ಪುವುದಿಲ್ಲ. ಸತ್ತವರು, ಗಾಯಗೊಂಡವರು, ಒತ್ತೆಯಿಂದ ಬಿಡುಗಡೆಯಾದವರು, ಅವರ ಮನೆಯವರು ಎಲ್ಲರನ್ನೂ ವಿಮಾನವಾರು ದಾಖಲಿಸಿದ ಒಂದೇ ಪಟ್ಟಿ ಇತಿಹಾಸಕಾರರಿಗೂ ಬೇಕು, ಶಾಸನ ರೂಪಿಸುವವರಿಗೂ ಬೇಕು.